ಮಾಟ ಕಟ್ಟುವ ಗೀರುಗಳ ನಾಡಿನಲ್ಲಿ

ರೇಕ್ಯಾವಿಕ್‌ನಿಂದ ಉತ್ತರಕ್ಕೆ ಮೂರು ಗಂಟೆ ಕಾರು ಓಡಿಸಿದರೆ ಹೋಲ್ಮವೀಕ್ ಸಿಗುತ್ತದೆ. ಐಸ್‌ಲ್ಯಾಂಡಿನ ವಾಯವ್ಯದಲ್ಲಿ, ಸ್ಟ್ರಾಂಡಿರ್ ಕರಾವಳಿಯಲ್ಲಿರುವ ಈ ಮೀನುಗಾರರ ಊರಿನಲ್ಲಿ ನಾನೂರು ಜನರೂ ಇಲ್ಲ. ಬೋಳು ಗುಡ್ಡಗಳ ನಡುವೆ ಮರ ಕಾಣುವುದೇ ಅಪರೂಪ. ಕಡಲ ದಡದಲ್ಲಿ ಮಾತ್ರ ದಿಮ್ಮಿಗಳು ರಾಶಿ ಬಿದ್ದಿರುತ್ತವೆ. ಸೈಬೀರಿಯಾದ ನದಿಗಳು ಸಮುದ್ರಕ್ಕೆ ತಳ್ಳಿದ ಮರ ಹಿಮದ ಜೊತೆ ವರ್ಷಗಟ್ಟಲೆ ತೇಲಿ ಇಲ್ಲಿಗೆ ಬಂದು ಸೇರುತ್ತದೆ. ಹಿಂದಿನವರ ಮನೆಗೂ ದೋಣಿಗೂ ಈ ಮರವೇ ಆಧಾರ. ಆದರೆ ಸ್ಟ್ರಾಂಡಿರ್‌ಗೆ ಹೆಸರು ಬಂದದ್ದು ಮರದಿಂದಲ್ಲ, ಮಾಟದಿಂದ.

ಬಂದರಿನ ಪಕ್ಕದಲ್ಲೇ, ಹುಲ್ಲುಹೆಂಟೆ ಹೊದಿಸಿದ ಚಾವಣಿಯ ಕಪ್ಪು ಕಟ್ಟಡದಲ್ಲಿ, 2000ನೇ ಇಸವಿಯಿಂದ ಮಾಟಮಂತ್ರದ ವಸ್ತುಸಂಗ್ರಹಾಲಯವೊಂದಿದೆ. ಹೆಚ್ಚಿನವರು ಬರುವುದು ಗಾಜಿನ ಹಿಂದಿರುವ ‘ಹೆಣದ ಷರಾಯಿ’ಯನ್ನು ನೋಡಲು. ಸತ್ತ ಗೆಳೆಯನ ಸೊಂಟದ ಕೆಳಗಿನ ಚರ್ಮವನ್ನು ಇಡಿಯಾಗಿ ಸುಲಿದು ತೊಟ್ಟು, ಬಡ ವಿಧವೆಯಿಂದ ಕದ್ದ ನಾಣ್ಯವನ್ನು ಅದರೊಳಗಿಟ್ಟರೆ ಹಣಕ್ಕೆ ಕೊನೆಯಿಲ್ಲವಂತೆ. ಅಲ್ಲಿರುವುದು ಪ್ರತಿಕೃತಿ. ಆದರೂ ಕಾಲಿನ ರೋಮ ಕಂಡ ಮೇಲೆ ಯಾರೂ ಅಲ್ಲಿ ಬಹಳ ಹೊತ್ತು ನಿಲ್ಲುವುದಿಲ್ಲ.

ನನ್ನನ್ನು ಹಿಡಿದು ನಿಲ್ಲಿಸಿದ್ದು ಗೋಡೆಯ ಮೇಲಿನ ಗೀರುಗಳು. ಇವಕ್ಕೆ ಗಾಲ್ಡ್ರಸ್ತಾವಿರ್ ಎನ್ನುತ್ತಾರೆ. ಉತ್ತರ ಯುರೋಪಿನ ಹಳೆಯ ರೂನ್ ಲಿಪಿಯ ಸಂತಾನವೆನ್ನಬಹುದಾದರೂ ಇವು ಓದುವ ಅಕ್ಷರಗಳಲ್ಲ. ನಡುವಿನಿಂದ ನಾಲ್ಕೋ ಎಂಟೋ ಕಡ್ಡಿಗಳು ಹೊರಟು, ತುದಿಯಲ್ಲಿ ಕವಲೊಡೆದು, ಅಡ್ಡಗೆರೆ ಹೊತ್ತು ನಿಲ್ಲುತ್ತವೆ. ನಮ್ಮ ಮಂತ್ರವಾದಿಗಳು ತಾಮ್ರದ ತಗಡಿನ ಮೇಲೆ ಕೊರೆಯುವ ಯಂತ್ರದ ಹಾಗೆ. ಒಂದೊಂದಕ್ಕೂ ಒಂದೊಂದು ಕೆಲಸ. ಕೀಲಿ ಇಲ್ಲದೆ ಬೀಗ ತೆಗೆಯಲು ಒಂದು, ಮಸೆಗಲ್ಲು ಚೆನ್ನಾಗಿ ಮಸೆಯಲು ಇನ್ನೊಂದು. ಕುಸ್ತಿ ಗೆಲ್ಲಬೇಕಾದರೆ ಬಲಗಾಲ ಹಿಮ್ಮಡಿಯಡಿ ಒಂದು, ಎಡಗಾಲ ಬೆರಳಡಿ ಇನ್ನೊಂದು. ಪರರ ಮಾಟವನ್ನು ತಡೆಯುವ ಗೀರುಗಳೂ ಇವೆ. ಅರಮನೆ, ಸಿಂಹಾಸನದ ಆಸೆ ಇಲ್ಲಿ ಕಾಣುವುದಿಲ್ಲ. ಕುರಿ, ಕುಡುಗೋಲು, ಬಿರುಗಾಳಿ, ನೆರೆಯವನ ಕಣ್ಣು: ಬಡ ರೈತನ ದಿನದ ಚಿಂತೆಗಳೆಲ್ಲ ಈ ಗೋಡೆಯ ಮೇಲಿವೆ.

ರೂನ್ ಹಾಕಿದ ಕಟ್ಟನ್ನು ರೂನೇ ಬಿಡಿಸುತ್ತದೆ ಎಂಬ ನಂಬಿಕೆ ಬಹಳ ಹಳೆಯದು. 13ನೇ ಶತಮಾನದ ‘ಎಗಿಲ್ ಸಾಗಾ’ ಎಂಬ ಕಥನದಲ್ಲಿ ಹೆಲ್ಗಾ ಎಂಬ ಹುಡುಗಿ ಹಾಸಿಗೆ ಹಿಡಿದಿರುತ್ತಾಳೆ. ಕವಿಯೂ ಕಟುಕನೂ ಆದ ಎಗಿಲ್ ಹಾಸಿಗೆ ತಡಕಿದಾಗ ರೂನ್ ಕೊರೆದ ತಿಮಿಂಗಿಲದ ತುಣುಕೊಂದು ಸಿಗುತ್ತದೆ. ಅವಳನ್ನು ಒಲಿಸಿಕೊಳ್ಳಲು ಯಾರೋ ಹುಡುಗ ಅರೆಬರೆ ಕಲಿತು ಕೆತ್ತಿದ್ದು. ತಪ್ಪಿದ ಗೀರು ರೋಗವಾಗಿತ್ತು. ಎಗಿಲ್ ಅದನ್ನು ಕೆರೆದು ಅಳಿಸಿ, ಬೆಂಕಿಗೆ ಹಾಕಿ, ಬೇರೆ ರೂನ್ ಕೆತ್ತಿ ದಿಂಬಿನಡಿ ಇಡುತ್ತಾನೆ. ಹುಡುಗಿ ಚೇತರಿಸಿಕೊಳ್ಳುತ್ತಾಳೆ. ತಿಳಿಯದವನು ರೂನ್ ಮುಟ್ಟಬಾರದೆಂಬ ಎಚ್ಚರಿಕೆಯೇ ಈ ಕತೆಯ ತಿರುಳು.

ಮುಂದೆ ರೂನ್ ಬಲ್ಲವನಿಗೂ ಉಳಿಗಾಲವಿಲ್ಲದ ಕಾಲ ಬಂತು. 1625ರಲ್ಲಿ ಉತ್ತರ ಐಸ್‌ಲ್ಯಾಂಡಿನ ಯೋನ್ ರೋಗ್ನ್‌ವಾಲ್ಡ್‌ಸನ್ ಎಂಬಾತ ಪ್ರೇತವನ್ನು ಛೂ ಬಿಟ್ಟನೆಂಬ ದೂರು ಹುಟ್ಟಿತು. ಮನೆ ಶೋಧಿಸಿದಾಗ ರೂನ್ ಬರೆದ ಹಾಳೆ ಸಿಕ್ಕಿತು; ಅವನನ್ನು ಸುಟ್ಟರು. ಆಗ ಐಸ್‌ಲ್ಯಾಂಡನ್ನು ಆಳುತ್ತಿದ್ದ ಡೆನ್ಮಾರ್ಕ್ ದೊರೆ 1617ರಲ್ಲಿ ಹೊರಡಿಸಿದ್ದ ಮಾಟವಿರೋಧಿ ಕಟ್ಟಳೆಯನ್ನು ಇಲ್ಲಿ 1630ರಲ್ಲಿ ಸಾರಲಾಯಿತು. 1683ರ ಕೊನೆಯ ದಹನದವರೆಗೆ 21 ಜನ ಬೆಂಕಿಗೆ ಬಿದ್ದರು. ಯುರೋಪಿನ ಹೆಚ್ಚಿನ ಕಡೆ ಹೆಂಗಸರನ್ನು ಸುಟ್ಟರೆ ಇಲ್ಲಿ ಸತ್ತವರಲ್ಲಿ 20 ಮಂದಿ ಗಂಡಸರು. ಗೀರು ಇದ್ದದ್ದು ಕಾಯಲೋ ಕೊಲ್ಲಲೋ ಎಂದು ಬಿಡಿಸಿ ನೋಡುವ ವ್ಯವಧಾನ ನ್ಯಾಯಸ್ಥಾನಕ್ಕೆ ಇರಲಿಲ್ಲ. ಹಾಳೆ ಸಿಕ್ಕರೆ ಅದೇ ಸಾಕ್ಷಿ.

ಹೋಲ್ಮವೀಕ್‌ನಿಂದ ಉತ್ತರಕ್ಕೆ, ಸುಮಾರು 100 ಕಿಲೋಮೀಟರ್ ದೂರದಲ್ಲಿ ಟ್ರೇಕಿಲ್ಲಿಸ್‌ವೀಕ್ ಕೊಲ್ಲಿಯಿದೆ. ದಾರಿಯ ಬಹುಪಾಲು ಜಲ್ಲಿಕಲ್ಲು; ಒಂದು ಮಗ್ಗುಲಿಗೆ ಬೆಟ್ಟ, ಇನ್ನೊಂದಕ್ಕೆ ಕಡಲು. ಅಲ್ಲಿನ ಚರ್ಚಿನಲ್ಲಿ ಹೆಂಗಸರು ಮೈಮೇಲೆ ಬಂದವರಂತೆ ನಡುಗಿ ಪ್ರಜ್ಞೆ ತಪ್ಪಿ ಬೀಳತೊಡಗಿದಾಗ, 1654ರಲ್ಲಿ ಮೂವರು ಗಂಡಸರನ್ನು ಕಡಲಂಚಿನ ಕಿಸ್ಟಾ ಎಂಬ ಬಂಡೆಸೀಳಿನಲ್ಲಿ ಸುಟ್ಟರು. ಎರಡು ಬಂಡೆಗಳ ನಡುವಿನ ಆ ಇಕ್ಕಟ್ಟು ಜಾಗ ಈಗಲೂ ಹಾಗೇ ಇದೆ.

ರೇಕ್ಯಾವಿಕ್‌ನ ಅಂಗಡಿಗಳಲ್ಲಿ ಇಂದು ಇದೇ ಗೀರುಗಳು ಟೀಶರ್ಟು, ಉಂಗುರ, ಹಚ್ಚೆಗಳಾಗಿ ಬಿಕರಿಯಾಗುತ್ತವೆ. ದಾರಿ ತಪ್ಪದಂತೆ ಕಾಯುವ ‘ವೇಗ್ವೀಸಿರ್’ಗೆ ‘ವೈಕಿಂಗ್ ದಿಕ್ಸೂಚಿ’ ಎಂಬ ಬಿರುದು ಬೇರೆ. ಅದು ಕಾಣುವ ‘ಹುಲ್ದ್’ ಹಸ್ತಪ್ರತಿ 1860ರದು. ವೈಕಿಂಗರ ಕಾಲ ಮುಗಿದು ಆಗಲೇ ಎಂಟುನೂರು ವರ್ಷವಾಗಿತ್ತು. ಕೊಳ್ಳುವವರು ಕೊಳ್ಳಲಿ. ಆದರೆ ಐಸ್‌ಲ್ಯಾಂಡಿಗೆ ಹೋದವರು ಹೆಣದ ಷರಾಯಿಯ ಫೋಟೋ ತೆಗೆದುಕೊಂಡು ಅಲ್ಲಿಂದಲೇ ಹಿಂದಿರುಗಬೇಡಿ. ಕಿಸ್ಟಾದವರೆಗೂ ಹೋಗಿ ಬನ್ನಿ. ಚಳಿಗಾಲದಲ್ಲಿ ಹಿಮ ಬಿದ್ದು ಆ ರಸ್ತೆ ಆಗಾಗ ಮುಚ್ಚಿಹೋಗುತ್ತದೆ. ಜೂನ್‌ನಿಂದ ಆಗಸ್ಟ್‌ವರೆಗಿನ ತಿಂಗಳುಗಳೇ ಸರಿ.