ಅಸಾಕುಸದ ಬೆನ್‌ಷಿಗಳು

ಟೋಕಿಯೋ ನಗರದ ಅಸಾಕುಸದಲ್ಲಿ, ಸೆನ್ಸೋಜಿ ದೇವಾಲಯದ ಸಂದಣಿಯಿಂದ ತುಸು ಪಕ್ಕಕ್ಕೆ ಸರಿದರೆ ಹೆಸರುಗಳನ್ನು ಕೆತ್ತಿದ ಕಲ್ಲೊಂದು ಎದುರಾಗುತ್ತದೆ. ಅವು ‘ಬೆನ್‌ಷಿ’ಗಳ ಹೆಸರುಗಳು. ಜಪಾನಿನ ಮೊದಲ ಖಾಯಂ ಚಿತ್ರಮಂದಿರ ‘ಡೆಂಕಿಕನ್’ 1903ರಲ್ಲಿ ತೆರೆದುದು ಈ ಬಡಾವಣೆಯಲ್ಲಿಯೇ. ಮೂಕಿಚಿತ್ರ ಅಲ್ಲಿ ಮೂಕವಾಗಿರಲಿಲ್ಲ! ಪರದೆಯ ಪಕ್ಕದಲ್ಲಿ ನಿಂತ ಬೆನ್‌ಷಿ ಕಥೆ ಹೇಳುತ್ತ, ನಾಯಕನಿಗೂ ನಾಯಕಿಗೂ ತಾನೇ ದನಿಯಾಗುತ್ತಿದ್ದನು. ಬೊಂಬೆಯಾಟದಲ್ಲಿ ಎಲ್ಲ ಪಾತ್ರಗಳ ಮಾತನ್ನೂ ಒಬ್ಬನೇ ಆಡುವುದನ್ನು ಕೇಳಿ ಬೆಳೆದ ಜನಕ್ಕೆ ಇದು ಹೊಸತೆನಿಸಲಿಲ್ಲ. ಸ್ತ್ರೀಪಾತ್ರಗಳು ಕೂಡ, ಕಾಬುಕಿ ನಾಟಕದಲ್ಲಿದ್ದಂತೆ, ಗಂಡಸರವೇ. 1899ರ ‘ಮೊಮಿಜಿಗಾರಿ’ಯಂತೂ ಕಾಬುಕಿಯ ನೃತ್ಯವೇ, ಗಾಳಿಗೆ ನಟ ಡಂಜೂರೋನ ಬೀಸಣಿಗೆ ಹಾರಿಹೋದುದೂ ಅದರಲ್ಲಿ ಹಾಗೆಯೇ ಉಳಿದಿದೆ.

ವಾಕ್ಚಿತ್ರ ಬಂದಿತು. ಬೆನ್‌ಷಿಗಳು ಮುಷ್ಕರ ಹೂಡಿ ಸೋತರು. ಅವರ ಮುಂದಾಳುಗಳಲ್ಲಿ ನಿರ್ದೇಶಕ ಅಕಿರ ಕುರೊಸಾವಾ ಅವರ ಅಣ್ಣ ಹೇಗೊ ಒಬ್ಬ. 1933ರಲ್ಲಿ ಆತ ತನ್ನ ಪ್ರಾಣವನ್ನು ತಾನೇ ಕಳೆದುಕೊಂಡನು. ಡೆಂಕಿಕನ್ ಸಹ ಈಗಿಲ್ಲ.