ನರಿಮರಿಗಳಿಗೆ ಬಿದ್ದ ಬೀಗ

ಸೂರ್ಯಾಸ್ತಕ್ಕೆ ಮುಂಚೆ ಊಟ ಮುಗಿಸುವ ಮನೆಗಳಲ್ಲಿ ಸಂಜೆ ಬಹಳ ಉದ್ದ. ಅದರಲ್ಲೂ ನಮ್ಮ ತಿಗನಾರೆಯಂಥ ಊರಿನಲ್ಲಿ ಕತ್ತಲಾದ ಮೇಲೆ ಹೊರಗೆ ಸುತ್ತಾಡುವ ಮಾತೇ ಇಲ್ಲ. ಸತ್ಯಮಂಗಲದ ಕಾಡು ಹುಲಿ ಸಂರಕ್ಷಿತ ಪ್ರದೇಶವಾದದ್ದು 2013ರಲ್ಲಿ. ಆನೆಗಳಂತೂ ಅದಕ್ಕೆ ಎಷ್ಟೋ ಮುಂಚಿನಿಂದ ತಾಳವಾಡಿಯ ಹೊಲಗಳಿಗೆ ಬರುತ್ತಿದ್ದವು, ಈಗಲೂ ಬರುತ್ತವೆ. 27 ತಿರುವುಗಳ ದಿಂಬಂ ಘಟ್ಟದಲ್ಲಿ 2022ರ ಫೆಬ್ರವರಿಯಿಂದ ರಾತ್ರಿ ವಾಹನ ಸಂಚಾರಕ್ಕೂ ನಿರ್ಬಂಧ. ಹೀಗಾಗಿ ಬೆಂಗಳೂರಿನಿಂದ ರಜೆಗೆ ಬರುವ ಮೊಮ್ಮಗನಿಗೆ ಸಂಜೆ ಏನಾದರೂ ಬೇಕು. ಅವನು ಬಟ್ಟೆಯ ಚೀಲದ ಜೊತೆಗೆ ತನ್ನ ಹಳೆಯ ಪ್ಲೇಸ್ಟೇಷನ್ 4 ಪೆಟ್ಟಿಗೆಯನ್ನೂ ಹೊತ್ತು ತರುತ್ತಾನೆ. ದಿನಕ್ಕೆ ಒಂದು ಗಂಟೆ ಆಟ, ಆಮೇಲೆ ಸ್ತೋತ್ರ, ಆಮೇಲೆ ನಿದ್ರೆ ಎಂಬುದು ಮನೆಯ ಕರಾರು.

2024ರ ಏಪ್ರಿಲ್ 19, ಶುಕ್ರವಾರ. ತಮಿಳುನಾಡಿನಲ್ಲಿ ಲೋಕಸಭೆಗೆ ಮತದಾನ ನಡೆದ ದಿನ. ನಾವು ಮುದುಕರಿಬ್ಬರೂ ಬೆಳಿಗ್ಗೆಯೇ ಮತ ಹಾಕಿ ಬಂದು, ಸಂಜೆ ಊಟ ಮುಗಿಸಿ ಕುಳಿತಿದ್ದೆವು. ಹುಡುಗ ಪೆಟ್ಟಿಗೆ ಹಚ್ಚಿದ. ಸ್ವಲ್ಪ ಹೊತ್ತಿನ ಮೇಲೆ ಸಣ್ಣ ದನಿಯಲ್ಲಿ, "ತಾತ, ನರಿಗೆ ಬೀಗ ಬಿದ್ದುಬಿಟ್ಟಿದೆ" ಎಂದ.

ನೋಡಿದರೆ ನಿಜ. ನರಿಯ ಆಟದ ಚಿತ್ರದ ಮೇಲೆ ಒಂದು ಪುಟ್ಟ ಬೀಗದ ಗುರುತು. ಒತ್ತಿದರೆ ತೆರೆಯುತ್ತಿಲ್ಲ.

ಈ ನರಿಯ ವಿಷಯ ಮೊದಲು ಹೇಳಬೇಕು. ಪ್ಲೇಸ್ಟೇಷನ್ ಪ್ಲಸ್ ಎಂಬ ಚಂದಾ ಯೋಜನೆ 2010ರಿಂದ ಇದೆ. ಚಂದಾ ಕಟ್ಟಿದವರಿಗೆ ಪ್ರತಿ ತಿಂಗಳೂ ಕೆಲವು ಆಟಗಳು, ಸಾಮಾನ್ಯವಾಗಿ ಮೂರು, ಬೇರೆ ಹಣ ಕೊಡದೆ ಸಿಗುತ್ತವೆ. ತಿಂಗಳ ಮೊದಲ ಮಂಗಳವಾರ ಹೊಸವು ಬರುತ್ತವೆ, ಹಳೆಯವು ಹೋಗುತ್ತವೆ. ಆ ಅವಧಿಯೊಳಗೆ ನಮ್ಮ ಲೈಬ್ರರಿಗೆ ಸೇರಿಸಿಕೊಂಡರೆ ಉಂಟು, ಮರೆತರೆ ಇಲ್ಲ. 2023ರ ಏಪ್ರಿಲ್‌ನಲ್ಲಿ ಹುಡುಗನ ಹುಟ್ಟುಹಬ್ಬಕ್ಕೆ ಅವನಪ್ಪನ ಖಾತೆಗೆ ಒಂದು ವರ್ಷದ ಚಂದಾ ಕಟ್ಟಿದವರು ನಾವೇ. ನಮ್ಮ ಕಾರ್ಡು, ನಮ್ಮ ಫೋನ್ ನಂಬರು. ಉಡುಗೊರೆ ಕೊಟ್ಟೆವೆಂಬ ಹೆಮ್ಮೆಯೂ ನಮ್ಮದೇ.

ಆ ವರ್ಷದ ಜುಲೈ ತಿಂಗಳಿಗೆ ಬಂದ ಮೂರು ಆಟಗಳಲ್ಲಿ ಒಂದು ಕಾಲ್ ಆಫ್ ಡ್ಯೂಟಿ ಎಂಬ ಯುದ್ಧದ ಆಟ, ಒಂದು ಅಲನ್ ವೇಕ್ ಎಂಬ ಭಯದ ಆಟ, ಮೂರನೆಯದು ಎಂಡ್ಲಿಂಗ್. ಈ ಎಂಡ್ಲಿಂಗನ್ನು ಮಾಡಿದವರು ಸ್ಪೇನ್ ದೇಶದ ಹೆರೋಬೀಟ್ ಸ್ಟುಡಿಯೋಸ್, 2022ರಲ್ಲಿ ಹೊರಬಂತು. ಮನುಷ್ಯರು ಹಾಳುಮಾಡಿದ ಭೂಮಿಯಲ್ಲಿ ಉಳಿದ ಕೊನೆಯ ತಾಯಿನರಿಯ ಕಥೆ. ಬೆಂಕಿ ಬಿದ್ದ ಕಾಡಿನಿಂದ ಓಡಿಬಂದು ನಾಲ್ಕು ಮರಿ ಹಾಕುತ್ತದೆ. ಒಂದು ಮರಿಯನ್ನು ತುಪ್ಪಟದ ಚರ್ಮಕ್ಕಾಗಿ ಪ್ರಾಣಿ ಹಿಡಿಯುವವನು ಹೊತ್ತೊಯ್ಯುತ್ತಾನೆ. ಉಳಿದ ಮರಿಗಳನ್ನು ಹಸಿವಿನಿಂದ ಕಾಪಾಡುತ್ತ ಕಳೆದುಹೋದದ್ದನ್ನು ಹುಡುಕಬೇಕು. ಆಡುವವನು ಅಸಡ್ಡೆ ಮಾಡಿದರೆ ಮರಿಗಳು ಸತ್ತೇ ಹೋಗುತ್ತವೆ. ಆ ವರ್ಷದ ದಸರಾ ರಜೆಯಲ್ಲಿ ಹುಡುಗ ಆಡುತ್ತಿದ್ದರೆ ನಾವೂ ಪಕ್ಕದಲ್ಲಿ ಕುಳಿತು ನೋಡಿದ್ದೇ ನೋಡಿದ್ದು. ನರಿ ಇಲಿ ಹಿಡಿಯುವಾಗ ಮಾತ್ರ ಮುಖ ತಿರುಗಿಸಿಕೊಳ್ಳುತ್ತಿದ್ದೆವು. ಹಣ್ಣು ಕಂಡರೆ, "ಅದನ್ನೇ ತಿನ್ನಿಸೋ ಮಗ" ಎನ್ನುತ್ತಿದ್ದೆವು. "ಅಜ್ಜಿ, ಬರೀ ಹಣ್ಣಿಗೆ ನರಿಮರಿ ಹೊಟ್ಟೆ ತುಂಬಲ್ಲ" ಎಂದು ಅವನು ನಗುತ್ತಿದ್ದ.

ಯುದ್ಧದ ಆಟದ ಬಗ್ಗೆ ಮನೆಯಲ್ಲಿ ದೊಡ್ಡ ಚರ್ಚೆಯೇ ಆಗಿತ್ತು. ಜನ್ನ ಕವಿ 1209ರಲ್ಲಿ ಬರೆದ ಯಶೋಧರ ಚರಿತೆಯನ್ನು ಬಲ್ಲ ಮನೆಗಳಿಗೆ ಹಿಟ್ಟಿನ ಹುಂಜದ ಕಥೆ ಹೊಸದಲ್ಲ. ಕಡಿದದ್ದು ಬರೀ ಹಿಟ್ಟನ್ನಾದರೂ ಕೊಲ್ಲುವ ಸಂಕಲ್ಪ ಮಾಡಿದ್ದಕ್ಕೆ ತಾಯಿ ಮಗ ಇಬ್ಬರೂ ಜನ್ಮ ಜನ್ಮ ಅಲೆಯಬೇಕಾಯಿತು. ಪರದೆಯ ಮೇಲೆ ಬೀಳುವ ಮನುಷ್ಯ ಹಿಟ್ಟಿನ ಹುಂಜಕ್ಕಿಂತ ಕಡಿಮೆಯೇ ಎಂದು ನಾವು ಕೇಳಿದೆವು. ಮಗ ಪೂರ್ತಿ ಒಪ್ಪಲಿಲ್ಲ. ಆದರೆ ಹುಡುಗನ ಖಾತೆಗೆ ವಯಸ್ಸಿನ ಮಿತಿ ಹಾಕಿ ಆ ಆಟ ತೆರೆಯದಂತೆ ಮಾಡಿದ. ಅದರ ಗುಪ್ತಸಂಖ್ಯೆ ಅವನೊಬ್ಬನಿಗೇ ಗೊತ್ತು.

ಆದ್ದರಿಂದ ನರಿಗೆ ಬೀಗ ಬಿದ್ದ ಕೂಡಲೇ ನಮ್ಮ ಬುದ್ಧಿ ಓಡಿದ್ದು ಒಂದೇ ಕಡೆಗೆ. ಇವನು ಅಪ್ಪನಿಲ್ಲದ ವೇಳೆ ನೋಡಿ ಯುದ್ಧದ ಆಟ ತೆರೆಯಲು ಹೋಗಿದ್ದಾನೆ, ಅಂಕಿಗಳನ್ನು ಒತ್ತಿ ಒತ್ತಿ ಎಲ್ಲವನ್ನೂ ಕೆಡಿಸಿದ್ದಾನೆ. ಕೇಳಿದೆವು. "ಇಲ್ಲ ತಾತ, ನಾನು ಮುಟ್ಟೇ ಇಲ್ಲ" ಎಂದ. ಸುಳ್ಳು ಬೇರೆ ಹೇಳುತ್ತೀಯಾ ಎಂದು ದನಿ ಏರಿಸಿದೆವು. ಸತ್ಯಾಣುವ್ರತದ ಬಗ್ಗೆ ಉಪದೇಶವೂ ಆಯಿತು. ಅವನು ವಾದ ಮಾಡಲಿಲ್ಲ. ರಿಮೋಟನ್ನು ಮೆಲ್ಲಗೆ ಕೆಳಗಿಟ್ಟು, "ಮರಿಗಳು ಹಸಿದಿದ್ದವು, ಗೂಡಿಗೆ ಈಗಷ್ಟೇ ಬಿಟ್ಟಿದ್ದೆ" ಎಂದಷ್ಟೇ ಹೇಳಿ ಒಳಗೆ ಹೋಗಿ ಮಲಗಿದ. ಆ ರಾತ್ರಿ ಸ್ತೋತ್ರಕ್ಕೂ ಏಳಲಿಲ್ಲ.

ಶನಿವಾರ ಬೆಳಿಗ್ಗೆ ಮಗನಿಗೆ ಫೋನು. ನಮ್ಮಲ್ಲಿ ಸಿಗ್ನಲ್ ಸಿಗುವುದು ತಾರಸಿಯ ಒಂದು ಮೂಲೆಯಲ್ಲಿ. ಒಬ್ಬರು ಮೇಲೆ ನಿಂತು ಅವನು ಹೇಳಿದ್ದನ್ನು ಕೂಗುವುದು, ಇನ್ನೊಬ್ಬರು ಕೆಳಗೆ ಟಿ.ವಿ. ಮುಂದೆ ಹುಡುಗನಿಂದ ಮಾಡಿಸುವುದು. ಹುಡುಗ ಹೇಳಿದ್ದನ್ನು ಮಾಡುತ್ತಿದ್ದ, ಮಾತು ಮಾತ್ರ ಆಡುತ್ತಿರಲಿಲ್ಲ.

ಮಗನಿಗೆ ಮೊದಲು ಬಂದ ಸಂಶಯ ಹಳೆಯದು. ದಸರೆಯಲ್ಲೂ ಒಮ್ಮೆ ಬೀಗ ಬಿದ್ದಿತ್ತು. ಆಟಗಳು ಅಪ್ಪನ ಖಾತೆಯವು, ಆಡುವುದು ಮಗನ ಖಾತೆಯಿಂದ. ಒಬ್ಬರ ಆಟ ಇನ್ನೊಬ್ಬರಿಗೂ ತೆರೆಯಬೇಕಾದರೆ, ಅಥವಾ ಇಂಟರ್‌ನೆಟ್ ಇಲ್ಲದ ಊರಿನಲ್ಲೂ ತೆರೆಯಬೇಕಾದರೆ, ಅಪ್ಪನ ಖಾತೆಯಲ್ಲಿ ಹೋಗಿ ಈ ಪೆಟ್ಟಿಗೆಯನ್ನು 'ಪ್ರೈಮರಿ' ಎಂದು ಗುರುತಿಸಿರಬೇಕು. ಸೆಟ್ಟಿಂಗ್ಸ್‌ನ ಅಕೌಂಟ್ ಮ್ಯಾನೇಜ್‌ಮೆಂಟ್‌ನಲ್ಲಿ ಅದಿದೆ. ಹೊಸ ಪ್ಲೇಸ್ಟೇಷನ್ 5ರಲ್ಲಿ ಇದಕ್ಕೇ 'ಕನ್ಸೋಲ್ ಶೇರಿಂಗ್ ಅಂಡ್ ಆಫ್‌ಲೈನ್ ಪ್ಲೇ' ಎನ್ನುತ್ತಾರೆ. ರಜೆಗೆ ಹಳ್ಳಿಗೆ ಪೆಟ್ಟಿಗೆ ಕಳಿಸುವ ತಂದೆತಾಯಿಯರು ಹೊರಡುವ ಮುನ್ನವೇ ಇದನ್ನು ನೋಡಿಕೊಂಡರೆ ಒಳ್ಳೆಯದು. ನೋಡಿದೆವು, ಗುರುತು ಸರಿಯಾಗಿಯೇ ಇತ್ತು. ದಿನಾಂಕ, ಗಡಿಯಾರ ನೋಡಿದೆವು, ಅದೂ ಸರಿ. ಫೋನನ್ನು ತಾರಸಿಯ ಮೂಲೆಯಿಂದ ಕಿಟಕಿಗೆ ತಂದು ಹಾಟ್‌ಸ್ಪಾಟ್ ಕೊಟ್ಟು, 'ರಿಸ್ಟೋರ್ ಲೈಸೆನ್ಸಸ್' ಎಂಬುದನ್ನು ಒತ್ತಿಸಿದೆವು. ಅಂದರೆ ಯಾವ ಯಾವ ಆಟ ಆಡಲು ಈ ಖಾತೆಗೆ ಪರವಾನಗಿ ಇದೆ ಎಂದು ಪೆಟ್ಟಿಗೆ ಕಂಪನಿಯ ಕಡತವನ್ನು ಮತ್ತೊಮ್ಮೆ ಕೇಳಿ ತಿಳಿದುಕೊಳ್ಳುವುದು. ಮುಗಿಯಿತು ಎಂದು ಬಂತು. ಬೀಗ ಹಾಗೇ ಇತ್ತು.

ಆಗ ಹುಡುಗ ನಮ್ಮನ್ನು ಕೇಳದೆ ಇನ್ನೊಂದು ಕೆಲಸ ಮಾಡಿದ. ಲೈಬ್ರರಿಯ ಒಂದೊಂದೇ ಚಿತ್ರದ ಮೇಲೆ ಹೋಗಿ ನೋಡುತ್ತ ಬಂದ. ಒಂದು ವರ್ಷದಲ್ಲಿ 30ಕ್ಕೂ ಹೆಚ್ಚು ಆಟ ಸೇರಿಸಿಟ್ಟಿದ್ದಾನೆ, ಆಡುವುದು ಎರಡೋ ಮೂರೋ. ಪರಿಗ್ರಹ ಪರಿಮಾಣದ ಮಾತು ಬಾಯಿಗೆ ಬಂದದ್ದನ್ನು ಆ ದಿನ ನುಂಗಿಕೊಂಡೆವು. ಕೊನೆಗೆ ಡಿಸ್ಕ್ ಹಾಕಿ ಆಡುವ ಕ್ರಿಕೆಟ್ ಆಟ ಹಚ್ಚಿದ. ತಕ್ಷಣ ತೆರೆಯಿತು. "ಅಪ್ಪನಿಗೆ ಹೇಳಿ. ದುಡ್ಡು ಕೊಟ್ಟು ತಂದಿದ್ದಕ್ಕೆ ಬೀಗ ಇಲ್ಲ. ತಿಂಗಳಿಂದ ತಿಂಗಳಿಗೆ ಬಂದವಕ್ಕೆ ಮಾತ್ರ, ಎಲ್ಲದಕ್ಕೂ ಇದೆ" ಎಂದ. ತಾರಸಿಯಿಂದ ಇದನ್ನು ಕೂಗಿ ಹೇಳಿದ್ದೇ ತಡ, ಮಗ ಆ ಕಡೆಯಿಂದ, "ಹಾಗಾದ್ರೆ ಚಂದಾ ಮುಗಿದಿದೆ ಕಣಪ್ಪಾ. ನಿಮ್ಮ ಫೋನಿಗೆ ಏನೂ ಮೆಸೇಜು ಬರಲಿಲ್ವಾ?" ಎಂದು ಕೇಳಿದ.

ಬಂದಿತ್ತು. ಅಳಿಸಿದ್ದೆವು.

ಚಳಿಗಾಲದಲ್ಲಿ ಹಳೆಯ ಕಾರ್ಡಿನ ಅವಧಿ ಮುಗಿದು ಬ್ಯಾಂಕಿನಿಂದ ಹೊಸ ಕಾರ್ಡು ಬಂತು. ಹೊಸದರ ಅಂಕಿಗಳನ್ನು ಆ ಖಾತೆಗೆ ತುಂಬಬೇಕೆಂಬುದು ನಮಗೆ ಹೊಳೆದಿರಲಿಲ್ಲ. 2021ರ ಅಕ್ಟೋಬರ್ 1ರಿಂದ ರಿಸರ್ವ್ ಬ್ಯಾಂಕಿನ ನಿಯಮದಂತೆ, ಕಾರ್ಡಿನಿಂದ ತಾನಾಗಿ ಹಣ ಹೋಗುವ ಯಾವುದೇ ಚಂದಾಕ್ಕೂ ಗ್ರಾಹಕ ಮೊದಲೇ ಒಪ್ಪಿಗೆ ನೋಂದಾಯಿಸಿರಬೇಕು, ಹಣ ತೆಗೆಯುವ 24 ಗಂಟೆ ಮುಂಚೆಯಾದರೂ ಅವನಿಗೆ ತಿಳಿಸಬೇಕು. ಕೇಳದೆ ಹಣ ಹೋಗಬಾರದೆಂದು ಮಾಡಿದ ಒಳ್ಳೆಯ ನಿಯಮ. ಆದರೆ ಬ್ಯಾಂಕಿನ ಹೆಸರಿನಲ್ಲಿ ಬರುವ ಸಂದೇಶಗಳಲ್ಲಿ ಯಾವುದು ನಿಜ, ಯಾವುದು ವಂಚಕರದು? ಒತ್ತಬೇಡಿ, ಯಾರಿಗೂ ಸಂಖ್ಯೆ ಹೇಳಬೇಡಿ ಎಂದು ಎಲ್ಲರೂ ಎಚ್ಚರಿಸುತ್ತಾರೆ. ಹೆದರಿ ನಾವು ಎಲ್ಲವನ್ನೂ ಅಳಿಸುತ್ತಿದ್ದೆವು. ಮಗನ ಇಮೇಲಿಗೂ ಸೂಚನೆ ಬಂದಿತ್ತಂತೆ; ಕಚೇರಿಯ ಪತ್ರಗಳ ರಾಶಿಯಲ್ಲಿ ಅವನು ನೋಡಿರಲಿಲ್ಲ.

ಅಂತೂ ತಪ್ಪು ಮಾಡದೆ ಇದ್ದವನು ಮನೆಯಲ್ಲಿ ಒಬ್ಬನೇ. ಬೈಸಿಕೊಂಡವನೂ ಅವನೊಬ್ಬನೇ. ಇನ್ನೊಬ್ಬರು ಮಾಡದ ತಪ್ಪನ್ನು ಅವರ ತಲೆಗೆ ಕಟ್ಟುವ ಮಾತಿಗೆ ನಮ್ಮ ಶಾಸ್ತ್ರದಲ್ಲಿ ಅಭ್ಯಾಖ್ಯಾನ ಎಂಬ ಹೆಸರೇ ಇದೆ. ಸತ್ಯದ ಉಪದೇಶ ಮಾಡುತ್ತ ಮಾಡುತ್ತಲೇ ನಾವು ಅದನ್ನು ಮಾಡಿದ್ದೆವು.

ಮಾರನೆಯ ದಿನ ಏಪ್ರಿಲ್ 21, ಮಹಾವೀರ ಜಯಂತಿ. ಚಾಮರಾಜನಗರದ ಪಾರ್ಶ್ವನಾಥ ಬಸದಿಗೆ ಹೋದೆವು. ಹೊಯ್ಸಳ ವಿಷ್ಣುವರ್ಧನನ ದಂಡನಾಯಕ ಪುಣಿಸ ಕಟ್ಟಿಸಿದ ಬಸದಿ ಅದು. ದರ್ಶನ ಮುಗಿಸಿ ಹೊರಗೆ ಜಗಲಿಯ ಮೇಲೆ ಕುಳಿತಾಗ ಹುಡುಗನಿಗೆ ಹೇಳಿದೆವು, "ತಪ್ಪು ನಮ್ಮದು ಮಗ, ಕ್ಷಮಿಸು." ವರ್ಷಕ್ಕೊಮ್ಮೆ ಕ್ಷಮಾವಣಿಯ ದಿನ ಊರಿಗೆಲ್ಲ ಕೈ ಮುಗಿಯುವುದು ಸುಲಭ. ಹದಿಮೂರು ವರ್ಷದ ಹುಡುಗನ ಕಣ್ಣು ನೋಡಿ ಇಂಥ ದಿನ ಇಂಥ ಮಾತು ಎಂದು ಹೇಳುವುದು ಸುಲಭವಲ್ಲ, ನಾಲಿಗೆ ತೊದಲುತ್ತದೆ. ಅವನು ತಲೆ ಬಗ್ಗಿಸಿಕೊಂಡು ಸ್ವಲ್ಪ ಹೊತ್ತು ಇದ್ದು, "ನಾನು ಸುಳ್ಳು ಹೇಳ್ತೀನಿ ಅಂದಿರಲ್ಲ, ಅದಕ್ಕೆ ಬೇಜಾರಾಯ್ತು" ಎಂದ. ಬೈದದ್ದಕ್ಕಲ್ಲ, ಆಟ ಹೋದದ್ದಕ್ಕೂ ಅಲ್ಲ.

ದಾರಿಯಲ್ಲಿ ಅವನೇ ಕೇಳಿದ: "ತಾತ, ಉಚಿತ ಅಂತ ಹೇಳಿ ಕೊಟ್ಟಿದ್ದನ್ನ ವಾಪಸ್ಸು ತಗೋಬಹುದಾ?" ಒಳ್ಳೆಯ ಪ್ರಶ್ನೆ. ಈ ಪತ್ರಿಕೆಯ ಚಂದಾ ನಿಲ್ಲಿಸಿದರೆ ಅಂಚೆಯವನು ಬಂದು ಹಳೆಯ ಸಂಚಿಕೆಗಳನ್ನು ಟ್ರಂಕಿನಿಂದ ಎತ್ತಿಕೊಂಡು ಹೋಗುವುದಿಲ್ಲ. ಆಟದ ಚಂದಾದಲ್ಲಿ ಸಂಚಿಕೆಗಳು ನಮ್ಮ ಮನೆಯಲ್ಲೇ ಇರುತ್ತವೆ, ಆದರೆ ಟ್ರಂಕಿನ ಬೀಗದಕೈ ಅವರ ಬಳಿ ಇರುತ್ತದೆ. ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ದಾನದ ಲಕ್ಷಣವೆಂದರೆ ತನ್ನದನ್ನು ತಾನು ಬಿಟ್ಟುಕೊಡುವುದು. ಆ ಲೆಕ್ಕಕ್ಕೆ ಇದು ದಾನವಲ್ಲ, ಬಾಡಿಗೆ. ಇದರಲ್ಲಿ ಮೋಸವೇನೂ ಇಲ್ಲ, ಕರಾರಿನಲ್ಲಿ ಬರೆದೇ ಇರುತ್ತದೆ, ಓದದವರು ನಾವು. ಇನ್ನೊಂದು ಕಂಪನಿಯ ಎಕ್ಸ್‌ಬಾಕ್ಸ್‌ನಲ್ಲಿ 2013ರಿಂದ 2023ರವರೆಗೆ ಇಂಥದೇ ಯೋಜನೆಯಿತ್ತು. ಅದರಲ್ಲಿ ಹಳೆಯ ಎಕ್ಸ್‌ಬಾಕ್ಸ್ 360ರ ಆಟಗಳು ಚಂದಾ ಬಿಟ್ಟರೂ ಪಡೆದವರಿಗೇ ಉಳಿಯುತ್ತಿದ್ದವು, ಹೊಸ ಪೆಟ್ಟಿಗೆಯ ಆಟಗಳು ಉಳಿಯುತ್ತಿರಲಿಲ್ಲ. ಒಂದೇ ಅಂಗಡಿಯಲ್ಲಿ ಒಂದು ದಾನ, ಒಂದು ಬಾಡಿಗೆ!

ಸೋಮವಾರ ಮಗ ಬೆಂಗಳೂರಿನಿಂದಲೇ ಹಣ ಕಟ್ಟಿದ. ಚಂದಾ ಮುಗಿದದ್ದರಿಂದ ಸೇರಿಸಿಟ್ಟ ಆಟಗಳು ಹಾಳಾಗುವುದಿಲ್ಲ, ಅದೇ ಖಾತೆಗೆ ಮತ್ತೆ ಕಟ್ಟಿದರೆ ಎಲ್ಲವೂ ಹಿಂದಿರುಗುತ್ತವೆ. ಚಂದಾ ಇಲ್ಲದ ತಿಂಗಳುಗಳಲ್ಲಿ ಬಂದು ಹೋದವು ಮಾತ್ರ ಸಿಗುವುದಿಲ್ಲ. ಗಾಬರಿಯಿಂದ ಪೆಟ್ಟಿಗೆಯಲ್ಲಿದ್ದ ಆಟವನ್ನು ಅಳಿಸದೆ ಇದ್ದದ್ದು ಪುಣ್ಯ. ಅಳಿಸಿದ್ದರೆ ತಿಗನಾರೆಯ ಸಿಗ್ನಲ್‌ನಲ್ಲಿ ಅದನ್ನು ಮತ್ತೆ ಇಳಿಸಿಕೊಳ್ಳುವಷ್ಟರಲ್ಲಿ ರಜೆ ಮುಗಿಯುತ್ತಿತ್ತು. ಹಣ ಕಟ್ಟಿದ ಮೇಲೂ ಬೀಗ ಹೋಗಲಿಲ್ಲವೆಂದು ನಾವು ಪುನಃ ಗಾಬರಿಯಾದೆವು. ಹುಡುಗ ಸುಮ್ಮನೆ ಹಾಟ್‌ಸ್ಪಾಟ್ ಹಚ್ಚಿ, ಶನಿವಾರ ಒತ್ತಿದ್ದ ಅದೇ 'ರಿಸ್ಟೋರ್ ಲೈಸೆನ್ಸಸ್' ಒತ್ತಿದ. ಈ ಬಾರಿ ಕಡತದಲ್ಲಿ ಹೆಸರಿತ್ತು. ಬೀಗ ಮಾಯವಾಯಿತು.

ತಾಯಿನರಿ ಬಿಟ್ಟ ಗೂಡಿನಲ್ಲೇ ಇತ್ತು. ಮರಿಗಳು ಎದ್ದು ಅದರ ಸುತ್ತ ಓಡಾಡಿದವು. ಎಷ್ಟು ಮರಿ ಎಂದು ನಾವು ಎಣಿಸುವ ಮೊದಲೇ ಹುಡುಗ, "ಮೂರೂ ಇವೆ ಅಜ್ಜಿ" ಎಂದ. ಆ ಸಂಜೆ ಇಲಿಯನ್ನು ಹುಡುಕದೆ ಹಣ್ಣಿನ ಪೊದೆಯ ಕಡೆಗೇ ಹೋದ. ನಮಗಾಗಿ ಇರಬೇಕು.

2026ರಿಂದ ಈ ಚಂದಾದ ತಿಂಗಳ ಆಟಗಳು ಮುಖ್ಯವಾಗಿ ಹೊಸ ಪೆಟ್ಟಿಗೆಗೇ ಎಂದು ಕಂಪನಿ 2025ರ ಜನವರಿಯಲ್ಲೇ ಪ್ರಕಟಿಸಿತು. ಹಳೆಯ ಪೆಟ್ಟಿಗೆಯವರು ಈಗಾಗಲೇ ಸೇರಿಸಿಕೊಂಡವನ್ನು ಚಂದಾ ಇರುವವರೆಗೆ ಆಡಬಹುದು. ಹೊಸದು ಬೇಡವೇ ಎಂದು ಕೇಳಿದರೆ ಹುಡುಗ, ಇದೇ ಸಾಕು ಎನ್ನುತ್ತಾನೆ. ನಮ್ಮ ಅಡಿಗೆಮನೆಯ ಗೋಡೆಯ ಪಂಚಾಂಗದಲ್ಲಿ ಅಷ್ಟಮಿ, ಚತುರ್ದಶಿಗಳಿಗೆ ನಾವು ಕೆಂಪು ಗುರುತು ಹಾಕುತ್ತೇವೆ. ಏಪ್ರಿಲ್ ತಿಂಗಳ ಹಾಳೆಯಲ್ಲಿ ಅವುಗಳ ನಡುವೆ ಪೆನ್ಸಿಲಿನಲ್ಲಿ ಅವನ ಕೈಬರಹವಿದೆ: "ನರಿ ಬಾಡಿಗೆ. ಮೆಸೇಜು ಅಳಿಸಬೇಡಿ."