ನೀರಿನ ಮೇಲೆ ಬೆಳೆಯುವ ಅಕ್ಕಿ

ಅಮೆರಿಕದ ನಕ್ಷೆಯನ್ನು ಬಿಡಿಸಿ ನೋಡಿ. ಕೆನಡಾದ ಗಡಿಗೆ ತಾಗಿಕೊಂಡು ಮಿನ್ನೆಸೋಟ ಎಂಬ ರಾಜ್ಯವಿದೆ. ಹತ್ತು ಸಾವಿರ ಕೆರೆಗಳ ನಾಡೆಂದು ಅಲ್ಲಿನ ಕಾರುಗಳ ನಂಬರ್ ಪ್ಲೇಟಿನಲ್ಲೇ ಬರೆದುಕೊಂಡಿದ್ದಾರೆ. ಚಳಿಗಾಲದಲ್ಲಿ ಆ ಕೆರೆಗಳು ಕಲ್ಲಿನಂತೆ ಹೆಪ್ಪುಗಟ್ಟುತ್ತವೆ. ಜನ ಅವುಗಳ ಮೇಲೆಯೇ ಕಾರು ಓಡಿಸುತ್ತಾರೆ. ಅಂತಹ ಚಳಿಯಲ್ಲಿ ಮನೆ ಸೇರಿದವರಿಗೆ ಬೇಕಾದದ್ದು ಹೊಟ್ಟೆ ತುಂಬುವ ಒಂದು ಬಟ್ಟಲು ಬಿಸಿ ಸೂಪು. ಅಲ್ಲಿನ ಮನೆಮನೆಯ ಸೂಪೆಂದರೆ ವೈಲ್ಡ್ ರೈಸ್ ಮತ್ತು ಅಣಬೆಯದು. ಅದನ್ನು ನೀವೂ ಮಾಡಬಹುದು. ಆದರೆ ಮೊದಲು ಆ ಅಕ್ಕಿ ಬೆಳೆಯುವ ಕೆರೆಯವರೆಗೆ ಹೋಗಿಬರೋಣ ಬನ್ನಿ.

ಪ್ರಯಾಣ ಆರಂಭವಾಗುವ ಮಿನ್ನಿಯಾಪೋಲಿಸ್ ನಗರ ನಿಮಗೆ ಅಪರಿಚಿತ ಎನಿಸದು. ಅಂತರ್ಯುದ್ಧದಿಂದ ಪಾರಾಗಿ 1990ರ ದಶಕದಿಂದೀಚೆಗೆ ಬಂದ ಸೋಮಾಲಿ ಮುಸ್ಲಿಮರು ಇಲ್ಲಿ ದೊಡ್ಡ ಸಂಖ್ಯೆಯಲ್ಲಿ ನೆಲೆಸಿದ್ದಾರೆ. ಅಮೆರಿಕದ ಸಂಸತ್ತಿಗೆ ಆಯ್ಕೆಯಾದ ಮೊದಲ ಮುಸ್ಲಿಮ್ ಕೀತ್ ಎಲಿಸನ್ 2006ರಲ್ಲಿ ಗೆದ್ದದ್ದು ಇದೇ ಕ್ಷೇತ್ರದಿಂದ. ಐದೂ ಹೊತ್ತಿನ ಅಝಾನನ್ನು ವರ್ಷವಿಡೀ ಧ್ವನಿವರ್ಧಕದಲ್ಲಿ ಕೂಗಲು 2023ರಲ್ಲಿ ನಗರಸಭೆ ಅನುಮತಿ ಕೊಟ್ಟಿತು. ಹಲಾಲ್ ಕೋಳಿಗೆ ಇಲ್ಲಿ ಬರವಿಲ್ಲ.

ಇಲ್ಲಿಂದ ಉತ್ತರಕ್ಕೆ ಕೆಲವು ಗಂಟೆಗಳ ದಾರಿ ಸಾಗಿದರೆ ಲೀಚ್ ಲೇಕ್, ವೈಟ್ ಅರ್ಥ್ ಎಂಬ ಪ್ರದೇಶಗಳು. ಇವು ಓಜಿಬ್ವೆ ಎಂಬ ಮೂಲನಿವಾಸಿಗಳ ನೆಲೆ. ಇವರ ಪೂರ್ವಜರು ಪೂರ್ವದ ಸಮುದ್ರ ತೀರದಿಂದ ಹೊರಟವರಂತೆ. ನೀರಿನ ಮೇಲೆ ಆಹಾರ ಬೆಳೆಯುವ ಜಾಗ ಸಿಗುವ ತನಕ ಪಶ್ಚಿಮಕ್ಕೆ ನಡೆಯಿರಿ ಎಂಬ ಅಪ್ಪಣೆಯಾಗಿತ್ತು ಎಂದು ಅವರ ಹಿರಿಯರು ಹೇಳುತ್ತಾರೆ. ಆ ಆಹಾರವೇ 'ಮನೂಮಿನ್', ಅಂದರೆ ನಾವು ಹೇಳುತ್ತಿರುವ ವೈಲ್ಡ್ ರೈಸ್. ಹೆಸರಿಗೆ ಅಕ್ಕಿಯಾದರೂ ಇದು ನಮ್ಮ ಭತ್ತವಲ್ಲ. ತಿಳಿಯಾದ, ಆಳವಿಲ್ಲದ ಕೆರೆಗಳಲ್ಲಿ ಕೆಸರಿಗೆ ಬೇರೂರಿ ನೀರಿನಿಂದ ಮೇಲೆ ತಲೆಯೆತ್ತುವ ಒಂದು ಬಗೆಯ ಹುಲ್ಲು. ಯಾರೂ ಉಳುವುದಿಲ್ಲ, ಗೊಬ್ಬರ ಹಾಕುವುದಿಲ್ಲ.

ಆಗಸ್ಟ್ ಕೊನೆಯಿಂದ ಸೆಪ್ಟೆಂಬರ್‌ವರೆಗೆ ಕೊಯ್ಲು. ಕೊಯ್ಲು ಎಂದರೂ ಕತ್ತಿಯ ಮಾತಿಲ್ಲ. ಒಂದು ಸಣ್ಣ ದೋಣಿಯಲ್ಲಿ ಇಬ್ಬರು, ಹೆಚ್ಚಾಗಿ ಗಂಡ ಹೆಂಡತಿ ಅಥವಾ ತಾಯಿ ಮಗ. ಒಬ್ಬರು ನಿಂತು ಉದ್ದ ಕೋಲಿನಿಂದ ದೋಣಿಯನ್ನು ತಳ್ಳುತ್ತಾರೆ. ಇನ್ನೊಬ್ಬರು ಕುಳಿತು, ಒಂದು ಕೋಲಿನಿಂದ ತೆನೆಯನ್ನು ದೋಣಿಯೊಳಗೆ ಬಾಗಿಸಿ ಮತ್ತೊಂದರಿಂದ ಮೆಲ್ಲಗೆ ಸವರುತ್ತಾರೆ. ಬಲಿತ ಕಾಳು ಮಾತ್ರ ಉದುರುತ್ತದೆ. ಎಳೆಯದು ತೆನೆಯಲ್ಲೇ ಉಳಿದು ಇನ್ನೊಂದು ದಿನಕ್ಕೆ ಕಾಯುತ್ತದೆ. ನೀರಿಗೆ ಬಿದ್ದದ್ದು ಮುಂದಿನ ವರ್ಷದ ಬಿತ್ತನೆ. ಬಡಿಯುವ ಕೋಲು 30 ಇಂಚಿಗಿಂತ ಉದ್ದವಿರಬಾರದು, ಒಂದು ಪೌಂಡಿಗಿಂತ ಭಾರವಿರಬಾರದು ಎಂದು ರಾಜ್ಯದ ಕಾನೂನೇ ಇದೆ. ಗಿಡ ಮುರಿಯಬಾರದಲ್ಲ!

ಮನೆಗೆ ತಂದ ಕಾಳನ್ನು ಒಣಗಿಸಿ, ಕಬ್ಬಿಣದ ಹಂಡೆಯಲ್ಲಿ ಸೌದೆಯ ಬೆಂಕಿಯ ಮೇಲೆ ಹುರಿಯುತ್ತಾರೆ. ಆಮೇಲೆ ಮೆತ್ತನೆಯ ಚರ್ಮದ ಪಾದರಕ್ಷೆ ತೊಟ್ಟು ತುಳಿದು ಹೊಟ್ಟು ಬಿಡಿಸುವುದು, ಬರ್ಚ್ ಮರದ ತೊಗಟೆಯ ಮೊರದಲ್ಲಿ ಕೇರುವುದು. ನಮ್ಮ ಅಜ್ಜಿಯರು ನೋಡಿದ್ದರೆ ಆ ಮೊರವನ್ನು ಕೈಗೆತ್ತಿಕೊಂಡು ತಾವೂ ಕುಳಿತುಬಿಡುತ್ತಿದ್ದರು.

ಈ ಕಾಳಿಗೆ ಈಗ ದೊಡ್ಡ ಆತಂಕ ನೀರಿನದು. ಉತ್ತರ ಮಿನ್ನೆಸೋಟದಲ್ಲಿ ಕಬ್ಬಿಣದ ಅದಿರಿನ ಗಣಿಗಳಿವೆ. ಗಣಿಯ ನೀರಿನಲ್ಲಿರುವ ಸಲ್ಫೇಟ್ ಕೆರೆ ಸೇರಿ, ತಳದ ಕೆಸರಿನಲ್ಲಿ ಸಲ್ಫೈಡ್ ಆಗಿ ಗಿಡದ ಬೇರಿಗೆ ವಿಷವಾಗುತ್ತದೆ. ಈ ಅಕ್ಕಿ ಬೆಳೆಯುವ ನೀರಿನಲ್ಲಿ ಲೀಟರಿಗೆ 10 ಮಿಲಿಗ್ರಾಂಗಿಂತ ಹೆಚ್ಚು ಸಲ್ಫೇಟ್ ಇರಬಾರದೆಂದು 1973ರಲ್ಲೇ ನಿಯಮವಾಯಿತು. ಆದರೆ ದಶಕಗಳ ಕಾಲ ಅದು ಬಹುಮಟ್ಟಿಗೆ ಕಾಗದದಲ್ಲೇ ಇತ್ತು. 2018ರಲ್ಲಿ ವೈಟ್ ಅರ್ಥ್‌ನ ಜನ ಒಂದು ವಿಚಿತ್ರ ಕೆಲಸ ಮಾಡಿದರು. ಬದುಕಿ ಬೆಳೆಯುವ ಹಕ್ಕು ಸ್ವತಃ ಮನೂಮಿನ್‌ಗೇ ಇದೆ ಎಂದು ತಮ್ಮ ಬುಡಕಟ್ಟಿನ ಕಾನೂನು ಬರೆದರು. 2021ರಲ್ಲಿ ತೈಲದ ಕೊಳವೆ ಮಾರ್ಗದ ವಿರುದ್ಧ ಅಕ್ಕಿಯ ಹೆಸರಿನಲ್ಲೇ ಮೊಕದ್ದಮೆಯೂ ಹೂಡಲಾಯಿತು. ಅದೇ ವರ್ಷ ಕೊಳವೆಯಲ್ಲಿ ತೈಲ ಹರಿಯಿತು. ಮರುವರ್ಷ ಬುಡಕಟ್ಟಿನ ಮೇಲ್ಮನವಿ ನ್ಯಾಯಾಲಯವೇ ಮೊಕದ್ದಮೆಯನ್ನು ವಜಾ ಮಾಡಿತು. ಅವರೇನೂ ಕೆರೆಗೆ ದೋಣಿ ಇಳಿಸುವುದನ್ನು ನಿಲ್ಲಿಸಿಲ್ಲ.

ಹಾಗಾಗಿ ಕೊಳ್ಳುವಾಗ ಪೊಟ್ಟಣ ನೋಡಿ. ಅಂಗಡಿಯಲ್ಲಿ ಸಾಮಾನ್ಯವಾಗಿ ಸಿಗುವ, ಇದ್ದಿಲಿನಂತೆ ಕಪ್ಪಗೆ ಹೊಳೆಯುವ ಕಾಳು ಗದ್ದೆಯಲ್ಲಿ ಬೆಳೆಸಿ ಯಂತ್ರದಲ್ಲಿ ಕೊಯ್ದದ್ದು, ಕ್ಯಾಲಿಫೋರ್ನಿಯಾದಿಂದಲೂ ಬರುತ್ತದೆ. ಬೇಯಲು ಮುಕ್ಕಾಲು ಗಂಟೆಯಿಂದ ಒಂದು ಗಂಟೆ ಬೇಕು. ಕೆರೆಯ ಕಾಳು ಕಂದು ಬಣ್ಣದ್ದು, ಬೇಗ ಬೇಯುತ್ತದೆ, ಹೊಗೆಯ ಪರಿಮಳವಿರುತ್ತದೆ. ಬೆಲೆ ಹೆಚ್ಚು. ಆ ದುಡ್ಡು ದೋಣಿಯಲ್ಲಿ ಕುಳಿತವರಿಗೆ ಹೋಗುವುದಾದರೆ ಕೊಡುವುದೇ ಸರಿ.

ಇನ್ನು ಸೂಪು. ಅಕ್ಕಿ ಅಣಬೆಯ ಸೂಪು ತಾನೇ ಎಂದು ಅಲ್ಲಿನ ಹೋಟೆಲಿನಲ್ಲಿ ತರಿಸಿಕೊಳ್ಳಬೇಡಿ. ರುಚಿಗೆಂದು ಹಂದಿಮಾಂಸದ ತುಣುಕು ಹಾಕುವುದು, ಶೆರ್ರಿ ಎಂಬ ಮದ್ಯ ಸುರಿಯುವುದು ಅಲ್ಲಿ ಸಾಮಾನ್ಯ. ಸೂಪಿನ ಪುಡಿ, ಸ್ಟಾಕ್ ಕ್ಯೂಬುಗಳಲ್ಲೂ ಏನಿದೆಯೆಂದು ಓದಿ ನೋಡಬೇಕು. ಮನೆಯಲ್ಲಿ ಮಾಡಿದರೆ ಈ ಯಾವ ಚಿಂತೆಯೂ ಇಲ್ಲ.

ನಾಲ್ಕು ಜನರಿಗೆ ಅರ್ಧ ಕಪ್ ಕಾಳು ಸಾಕು, ಅದು ಮೂರು ನಾಲ್ಕು ಪಟ್ಟು ಉಬ್ಬುತ್ತದೆ. ತೊಳೆದು, ಎರಡು ಕಪ್ ನೀರಿನಲ್ಲಿ ಸಣ್ಣ ಉರಿಯಲ್ಲಿ ಬೇರೆಯಾಗಿಯೇ ಬೇಯಿಸಿ. ಸೂಪಿನಲ್ಲೇ ಬೇಯಿಸಿದರೆ ಬಣ್ಣ ಬೂದಿಯಂತಾಗುತ್ತದೆ. ಕಾಳು ಸೀಳಿ ಒಳಗಿನ ಬಿಳಿ ಕಂಡಾಗ ಇಳಿಸಿ, ನೀರು ಬಸಿಯಿರಿ. ಕಾಲು ಕಿಲೋ ಬಟನ್ ಅಣಬೆಯನ್ನು ನೀರಿನಲ್ಲಿ ನೆನೆಹಾಕದೆ, ಒದ್ದೆ ಬಟ್ಟೆಯಲ್ಲಿ ಒರೆಸಿ ಹೆಚ್ಚಿ. ಅಗಲವಾದ ಬಾಣಲೆಯಲ್ಲಿ ಒಂದು ಚಮಚ ಬೆಣ್ಣೆ ಹಾಕಿ ಅಣಬೆಯನ್ನು ಹರಡಿ. ಮೊದಲು ನೀರು ಬಿಡುತ್ತದೆ. ಆ ನೀರೆಲ್ಲ ಆರಿ ಅಂಚು ಕೆಂಪಗಾಗುವ ತನಕ ತಾಳ್ಮೆಯಿರಲಿ; ಸೂಪಿನ ರುಚಿಯೆಲ್ಲ ಈ ಹತ್ತು ನಿಮಿಷದಲ್ಲಿದೆ. ಉಪ್ಪು ಆಮೇಲೆ.

(ಹದೀಸಿನಲ್ಲಿ 'ಮನ್ನ್'ನ ಬಗೆ ಎಂದು ಹೇಳಲಾದ 'ಕಮ್ಅ' ಮರುಭೂಮಿಯ ನೆಲದಡಿಯಲ್ಲಿ ಬೆಳೆಯುವ ಟ್ರಫಲ್. ಅಣಬೆಯ ಸಂಬಂಧಿಯೇನೋ ಹೌದು, ಆದರೆ ಬಟನ್ ಅಣಬೆ ಅದಲ್ಲ.)

ಅಣಬೆ ತೆಗೆದಿಟ್ಟು, ಅದೇ ಬಾಣಲೆಯಲ್ಲಿ ಮೂರು ಚಮಚ ಬೆಣ್ಣೆ, ಹೆಚ್ಚಿದ ಒಂದು ಈರುಳ್ಳಿ, ಒಂದು ಕ್ಯಾರೆಟ್, ಸೆಲರಿ ಸಿಕ್ಕಿದರೆ ಒಂದು ದಂಟು, ಎರಡು ಎಸಳು ಬೆಳ್ಳುಳ್ಳಿ ಬಾಡಿಸಿ. ಮೂರು ಚಮಚ ಮೈದಾ ಉದುರಿಸಿ, ಹಸಿ ವಾಸನೆ ಹೋಗುವಷ್ಟು ಹುರಿಯಿರಿ. ಕೋಳಿ ಮೂಳೆ ಬೇಯಿಸಿದ ನೀರು ನಾಲ್ಕು ಕಪ್ಪನ್ನು ಸ್ವಲ್ಪ ಸ್ವಲ್ಪವಾಗಿ ಸುರಿಯುತ್ತಾ ಗಂಟಾಗದಂತೆ ಕಲಸಿ, ಕಾಲು ಗಂಟೆ ಕುದಿಸಿ. ಅಕ್ಕಿ, ಅಣಬೆ, ಉಪ್ಪು, ಕಾಳುಮೆಣಸಿನ ಪುಡಿ ಸೇರಿಸಿ. ಕೊನೆಯಲ್ಲಿ ಉರಿ ತಗ್ಗಿಸಿ ಒಂದು ಕಪ್ ಬಿಸಿ ಹಾಲು, ಇದ್ದರೆ ಅರ್ಧ ಕಪ್ ಕೆನೆ. ಆಮೇಲೆ ಕುದಿಸಬೇಡಿ, ಒಡೆದೀತು.

ನಮ್ಮಲ್ಲಿ ವೈಲ್ಡ್ ರೈಸ್ ದುಬಾರಿ, ಎಲ್ಲ ಕಡೆ ಸಿಗುವುದೂ ಇಲ್ಲ. ಕೆಂಪು ಕುಚ್ಚಲಕ್ಕಿ ಹಾಕಿ ಮಾಡಿದರೆ ಹಲ್ಲಿಗೆ ಸಿಗುವ ಗಟ್ಟಿತನ ಬರುತ್ತದೆ, ಹೊಗೆಯ ಪರಿಮಳ ಬರುವುದಿಲ್ಲ. ಅದನ್ನು ಕುಚ್ಚಲಕ್ಕಿ ಸೂಪು ಎಂದೇ ಕರೆಯಿರಿ; ಮಕ್ಕಳು ಹೆಸರು ಕೇಳುವುದಿಲ್ಲ, ಇನ್ನೊಂದು ಸೌಟು ಕೇಳುತ್ತಾರೆ. ಮಿಕ್ಕಿದ್ದನ್ನು ಫ್ರಿಜ್ಜಿನಲ್ಲಿಟ್ಟರೆ ರಾತ್ರಿಯಲ್ಲಿ ಕಾಳು ನೀರನ್ನೆಲ್ಲ ಹೀರಿ ಗಂಜಿಯಾಗಿರುತ್ತದೆ. ಬಿಸಿ ಮಾಡುವಾಗ ಅರ್ಧ ಕಪ್ ಹಾಲು ಬೆರೆಸಿದರೆ ಮತ್ತೆ ಸೂಪು.